ನಾಲ್ಕನೇ ತಾಸಿಗೆ

ಹತ್ತಿಯ ಕಡ್ಡಿಗೆ ಅಂಟಿ ಬಂದ ಕೀವಿನಲ್ಲೂ
ನೀಲಿ ಇತ್ತು.
ಹೊನ್ನೂರಬಿ, ಇಪ್ಪತ್ತಾರು, ಕೌಲ್ ಬಜಾರು,
ಬಲಗೈ ನಡುಬೆರಳು.
ಚೀಟಿಯಲ್ಲಿ ವೃತ್ತಿಯ ಜಾಗ ಖಾಲಿ.
ಬರೆಯುವುದೇನು, ಉಗುರ ಸಂದಿಯೇ ಹೇಳುತ್ತಿತ್ತು:
ಜೀನ್ಸ್ ಪ್ಯಾಂಟಿಗೆ ಜಿಪ್ ಕೂರಿಸುವವಳು,
ಪೀಸಿಗಿಷ್ಟು ಎಂದು ಎಣಿಸಿಕೊಳ್ಳುವವಳು,
ಸೂಜಿ ಬೆರಳೊಳಗೆ ಮುರಿದ ದಿನವೂ
ಲೆಕ್ಕ ತಪ್ಪಿಸದವಳು.

ನಿನ್ನೆ ಬಿತ್ತಿದ್ದೆ. ಇವತ್ತು ರಕ್ತದ ಅಗರಿನ ಮೇಲೆ
ಎದ್ದು ಕೂತಿವೆ, ಸಾಸಿವೆಗಿಂತ ಸಣ್ಣವು,
ಎಮ್ಮೆಯದಲ್ಲ, ಆಕಳ ಬೆಣ್ಣೆಯ ಬಣ್ಣದವು.
ಕೆಳಗಿನ ರಕ್ತ ತಾಗದ ಹಾಗೆ, ಕೆನೆ ತೆಗೆದ ಹಾಗೆ
ಒಂದು ಚೂರು ಎತ್ತಿ ಗಾಜಿಗೆ ಸವರಿ
ಪೆರಾಕ್ಸೈಡ್ ಒಂದು ಹನಿ ಬಿಟ್ಟೆ.
ಬುಸ್ಸೆಂದು ನೊರೆ,
ಗೋಲಿ ಸೋಡಾದ ಗೋಲಿ ಒತ್ತಿದಂತೆ.
ಇದು ಮೊದಲ ಪ್ರಶ್ನೆ ಮಾತ್ರ.
ಚರ್ಮದ ಮೇಲೆ ಸುಮ್ಮನೆ ಬಿದ್ದಿರುವ ಸಾಧುವೂ
ಇದಕ್ಕೆ ನೊರೆ ಎಬ್ಬಿಸುತ್ತಾನೆ.

ಮೊಲದ ಪ್ಲಾಸ್ಮಾ ಅರ್ಧ ಮಿಲಿ,
ಕೊಳವೆಯ ತಳದಲ್ಲಿ ಒಣಹುಲ್ಲಿನ ಬಣ್ಣದ ನೀರು.
ಅದರೊಳಗೆ ಆ ಬೆಣ್ಣೆಯ ಚುಕ್ಕೆ.
ಕೋಯಾಗ್ಯುಲೇಸ್ ಎಂಬುದು ಪುಸ್ತಕದ ಹೆಸರು.
ಗಾದಿಲಿಂಗಪ್ಪ ಮೇಷ್ಟ್ರು ನಮಗೆ ಕಲಿಸುವಾಗ
ಹೆಪ್ಪು ಅಂದಿದ್ದರು, ಅಷ್ಟೇ.
"ಹಾಲಿಗೆ ಹಾಕ್ತೀರಲ್ಲ, ಅದೇ ಬುದ್ಧಿ.
ಕಳ್ಳ ಬಂದೋನು ಮನಿಯವರ ರಕ್ತಾನ ಹೆಪ್ಪು ಮಾಡಿ
ತನ್ನ ಸುತ್ತ ಗ್ವಾಡಿ ಕಟ್ಕೊಂತಾನ,
ಕಾವಲುಗಾರಗ ಕಾಣಬಾರ್ದಂತ.
ಕಳ್ಳ ನಿಮಗ ಕಾಣಾಂಗಿಲ್ಲ.
ಗ್ವಾಡಿ ನೋಡ್ರಿ."

ಬಳ್ಳಾರಿಯ ಮೇ ತಿಂಗಳು, ಮಧ್ಯಾಹ್ನ ಎರಡು.
ಮೂವತ್ತೇಳರ ಇನ್‌ಕ್ಯುಬೇಟರಿನ ಬಾಗಿಲು ತೆರೆದರೆ
ತಂಪುಗಾಳಿ ಬಂದಂತಾಗಿ ನಗು.

ಒಂದನೇ ತಾಸು: ಕೊಳವೆ ಬಾಗಿಸಿದರೆ ನೀರು, ನೀರಾಗಿಯೇ.
ಮೆಲ್ಲಗೆ ಬಾಗಿಸಬೇಕು. ಹೆಪ್ಪು ಹಾಕಿದ ಗಡಿಗೆಯನ್ನು
ಯಾರಾದರೂ ಅಲ್ಲಾಡಿಸುತ್ತಾರೆಯೇ?
ಎರಡು: ನೀರು.
ಮೂರಕ್ಕೆ ವಾರ್ಡಿನಿಂದ ಫೋನು:
"ಮೇಡಂ, ಆ ಹುಡುಗಿ ಮನಿಗೆ ಹೋಗ್ತೀನಿ ಅಂತಾಳ,
ಐನೂರು ಪೀಸ್ ಬಾಕಿ ಐತಂತ."

ನಾನೂ ಹೋಗಬಹುದಿತ್ತು. ಐದೂವರೆಯ ಬಸ್ಸು,
ಬೆಳಿಗ್ಗೆ ಬಂದು ನೋಡಿದರಾಯಿತು.
ಹಾಗೆ ಒಮ್ಮೆ ನೋಡಿದ್ದೆ, ಕೆಲಸಕ್ಕೆ ಸೇರಿದ ವರ್ಷ.
ಕೊಳವೆಯಲ್ಲಿ ತಿಳಿನೀರು.
ನೆಗೆಟಿವ್ ಎಂದು ದುಂಡಗೆ ಬರೆದು ಸಹಿ ಮಾಡಿದೆ.
ಕೆಲವು ಕಳ್ಳರು ಕಟ್ಟಿದ ಗೋಡೆಯನ್ನು
ತಾವೇ ಕರಗಿಸಿಬಿಡುತ್ತಾರೆ ನಸುಕಿನಲ್ಲಿ,
ಮನೆಯವರು ಏಳುವ ಮುಂಚೆ.
ಗೊತ್ತಿತ್ತು. ಪರೀಕ್ಷೆಯಲ್ಲಿ ಬರೆದು
ಎರಡು ಅಂಕವನ್ನೂ ತೆಗೆದುಕೊಂಡಿದ್ದೆ.
ಹನ್ನೊಂದನೇ ವಾರ್ಡಿನ ಆ ಮುದುಕನ ಹೆಸರು
ರಿಜಿಸ್ಟರಿನಲ್ಲಿದೆ. ಆ ಪುಟ ತೆರೆಯುವುದಿಲ್ಲ.
ಪುಟದ ಸಂಖ್ಯೆ ಗೊತ್ತು.

ಆರಕ್ಕೆ ಕೊಳವೆ ಬಾಗಿಸಿದೆ.
ಇನ್ನೂ ಬಾಗಿಸಿದೆ.
ತಲೆಕೆಳಗು ಮಾಡಿದೆ.
ಒಂದು ಹನಿಯೂ ಇಳಿಯಲಿಲ್ಲ. ತಳದಲ್ಲಿ ಗಟ್ಟಿಯಾಗಿ
ಕಚ್ಚಿಕೊಂಡು ಕೂತಿತ್ತು,
ಕಿಟಕಿಯಾಚೆ ಗುಡ್ಡದ ಬಂಡೆ
ಹಗಲಿನ ಕಾವನ್ನು ಕಚ್ಚಿಕೊಂಡು ಕೂತ ಹಾಗೆ.

ವಾರ್ಡಿಗೆ ಫೋನು ಮಾಡಿ ಬಿಡಬೇಡಿ ಅಂದೆ.
ಆಕೆಯೇ ಕಸಿದುಕೊಂಡಳು: "ಏನ್ ಬಂತಕ್ಕ?"
ಬಾಯಿಗೆ ಬಂದದ್ದು ಹೆಪ್ಪು.
ಆಚೆ ಸ್ವಲ್ಪ ಹೊತ್ತು ಮಾತಿಲ್ಲ.
"ಬೆರಳು ಉಳಿತೈತಿಲ್ಲೋ?"
ಅದಕ್ಕೆ ನನ್ನ ಬಳಿ ಕೊಳವೆ ಇಲ್ಲ.
ಡಾಕ್ಟರಿಗೆ ಹೇಳ್ತೀನಿ, ಈಗಲೇ, ಅಂದೆ.
ಹೇಳಿದೆ.

ಮನೆಯಲ್ಲಿ ರಾತ್ರಿ ಹತ್ತಕ್ಕೆ
ಉಗುರುಬೆಚ್ಚಗಿನ ಹಾಲಿಗೆ ಒಂದು ಚಮಚ ಹೆಪ್ಪು ಹಾಕಿ
ತಾಟು ಮುಚ್ಚಿ ಮಲಗಿದೆ.
ಎರಡಕ್ಕೆ ತಾನಾಗಿ ಎಚ್ಚರವಾಯಿತು.
ಕತ್ತಲಲ್ಲೇ ಹೋಗಿ ಬೋಗುಣಿ ಮೆಲ್ಲಗೆ ಬಾಗಿಸಿದೆ.

ಇನ್ನೂ ಹಾಲು.