ಅರ್ಧ ಕಿಲೋದಲ್ಲಿ ಕಾಲು ಒಂದೇ

ಕೊನೆಯ ಟ್ರಿಪ್ಪಿನ ಲೆಕ್ಕ ಒಪ್ಪಿಸಿ ಇಳಿದಾಗ ಏಳೂವರೆ.
ಇದಿನಬ್ಬರ ಅಂಗಡಿಯ ಶಟರು ಸೊಂಟದವರೆಗೆ ಇಳಿದಿದೆ.
ಬಗ್ಗಿ ಕೇಳುತ್ತೇನೆ: ಅರ್ಧ ಕಿಲೋ ಉಂಟಾ?
‘ನಿಮಗೆಂದೇ ಇಟ್ಟದ್ದು’ ಎನ್ನುತ್ತಾರೆ.
ಎಲ್ಲರಿಗೂ ಹಾಗೇ ಎನ್ನುತ್ತಾರೆ.

ಸೋಮವಾರ ಆಗುವುದಿಲ್ಲ, ಸಂಕ್ರಮಣಕ್ಕೆ ಇಲ್ಲವೇ ಇಲ್ಲ,
ಭಾನುವಾರಕ್ಕೆ ರೊಟ್ಟಿ, ಅರೆದ ಮಸಾಲೆ, ನೆಂಟರು.
ಇದು ಬುಧವಾರ.
ಯಾವ ದೈವವೂ ಬೇಡ ಅಂದಿಲ್ಲ,
ಯಾವ ನೆಂಟರೂ ಬರುವುದಿಲ್ಲ.

ಕುಚ್ಚಲಕ್ಕಿಯದು ಮುಕ್ಕಾಲು ಗಂಟೆಯ ಗಾಂಭೀರ್ಯ.
ಅದು ಕುದಿದು, ಅರಳಿ, ಗಂಜಿ ಬಸಿಯುವಷ್ಟರಲ್ಲಿ
ಪ್ರಾಪ್ತಿ ಲೆಕ್ಕದ ಪುಸ್ತಕದ ಮೇಲೆ ತಲೆಯಿಟ್ಟು
ಮಲಗಿಬಿಡುತ್ತಾಳೆ.
ಆದ್ದರಿಂದ ಬೆಳ್ತಿಗೆ, ಒಂದೂವರೆ ಕುಡ್ತೆ.
ತೆಂಗಿನೆಣ್ಣೆ ಕಾಯುವಷ್ಟರಲ್ಲಿ ಎರಡು ನೀರುಳ್ಳಿ,
ಸೀಳಿದ ಹಸಿಮೆಣಸು, ಜಜ್ಜಿದ ಶುಂಠಿ ಬೆಳ್ಳುಳ್ಳಿ,
ಕರಿಬೇವು ಸಿಡಿದು ಮಣಿಕಟ್ಟಿಗೊಂದು ಹನಿ.

ಕಾಯಿ ತುರಿಯಲು ಹೊತ್ತಿಲ್ಲ.
ಅಮ್ಮ ಫೋನಿನಲ್ಲಿ ಕೇಳಿದರೆ ಸುಳ್ಳೇ ಗತಿ:
‘ಹೂಂ, ಅರೆದೆ. ಕಲ್ಲಿನಲ್ಲೇ ಅರೆದೆ.’
ಪ್ಯಾಕೆಟ್ಟಿನ ಕಾಯಿಹಾಲು ಚಾಡಿ ಹೇಳುವುದಿಲ್ಲ.

ಅಕ್ಕಿ, ಕೋಳಿ, ಹಾಲು, ನೀರು, ಉಪ್ಪು
ಎಲ್ಲ ಒಂದೇ ಕುಕ್ಕರಿಗೆ.
ತುಂಬಿದ ಹಾಗೆ ಕಂಡರೂ ತುಂಬಿಲ್ಲ.
ಹದಿನಾರು ವರ್ಷದ ಕಸುಬು ನನ್ನದು,
ಸೌಟಿನ ಬೆನ್ನಿಂದ ಮೆಲ್ಲಗೆ ಒತ್ತಿ ಹೇಳುತ್ತೇನೆ:
ಮುಂದೆ ಹೋಗಿ, ಒಳಗೆ ಜಾಗ ಉಂಟು,
ಅಕ್ಕಾ, ಸ್ವಲ್ಪ ಸರಿಯಿರಿ, ಬಟಾಟೆಗೆ ಸೀಟು ಕೊಡಿ.

ಬಸ್ಸಿನಲ್ಲಿ ಒಂದು ಸೀಟಿ ಎಂದರೆ ನಿಲ್ಲಿಸು,
ಎರಡು ಎಂದರೆ ಹೋಗು.
ಮೂರನೆಯದು ನಮ್ಮಲ್ಲಿ ಇಲ್ಲ.
ಕುಕ್ಕರಿನ ಮೊದಲ ಸೀಟಿಗೆ ನನ್ನ ಕೈ
ತಾನಾಗಿ ಬಾಗಿಲ ಸರಳು ಹುಡುಕುತ್ತದೆ.
ಎರಡನೆಯದಕ್ಕೆ ಸುಗಂಧಿ ಮೆಟ್ಟಿಲು ಹತ್ತುವ ಸದ್ದು,
ಒಂದೊಂದು ಮೆಟ್ಟಿಲಿಗೂ ಎರಡೆರಡು ಹೆಜ್ಜೆ,
ಮಕ್ಕಳು ಹತ್ತಿದ ಹಾಗೆ.

ಹಂಪನಕಟ್ಟೆಯ ಸೀರೆಯಂಗಡಿಯಲ್ಲಿ
ಬೆಳಿಗ್ಗೆ ಒಂಬತ್ತೂವರೆಯಿಂದ ನಿಂತವಳು.
ಅಲ್ಲಿ ಕುರ್ಚಿ ಇರುವುದು ಗಿರಾಕಿಗಳಿಗೆ.
ನಾನೂ ದಿನವಿಡೀ ನಿಂತೇ ಇರುತ್ತೇನೆ,
ಆದರೆ ನಿಂತಲ್ಲೇ ಸುರತ್ಕಲ್ಲಿಗೆ ಏಳು ಸಲ ಹೋಗಿ ಬರುತ್ತೇನೆ.
ಅವಳು ನಿಂತಲ್ಲೇ ನಿಂತಿರುತ್ತಾಳೆ.

ಮೂರನೆಯ ಸೀಟಿ. ಒಲೆ ಆಫ್.
ಆವಿ ತಾನಾಗಿ ಇಳಿಯಬೇಕು,
ಬುಧವಾರಕ್ಕೂ ಅಷ್ಟು ಶಿಸ್ತು ಉಂಟು.
ಬಿಸಿನೀರ ಬಕೆಟ್ಟಿಗೆ ಹಿಡಿ ಉಪ್ಪು ಹಾಕಿ
ಕಾಲಿಳಿಸಿ ಕೂತಿದ್ದಾಳೆ, ತುಟಿಪಿಟಕ್ಕೆನ್ನದೆ.
ಮುಚ್ಚಳ ತೆಗೆದೆ.
‘ಎಂತ ಪರಿಮಳ ಮಾರಾಯ್ರೆ!’

ಇದಕ್ಕೊಂದು ಹೆಸರಿಲ್ಲ.
ಬಿರಿಯಾನಿ ಎಂದರೆ ಇದಿನಬ್ಬರು ನಗುತ್ತಾರೆ,
ತುಪ್ಪದನ್ನ ಎನ್ನಲು ತುಪ್ಪ ಬಿದ್ದಿಲ್ಲ.
ಪ್ರಾಪ್ತಿ ಇಟ್ಟ ಹೆಸರು, ರಶ್ ಅನ್ನ.

ಈಗ ಬಂತು ತಕರಾರು.
ಅರ್ಧ ಕಿಲೋದಲ್ಲಿ ಕಾಲು ಒಂದೇ.
ಕಾಲೆಂದರೆ ನಾಲ್ಕರಲ್ಲೊಂದು ಪಾಲು ಎಂದು
ಇವತ್ತಷ್ಟೇ ಶಾಲೆಯಲ್ಲಿ ಕಲಿತವಳು ಕೇಳುತ್ತಾಳೆ:
‘ಅಪ್ಪಾ, ಕೋಳಿಗೆ ಎರಡು ಕಾಲು.
ಎರಡು ಕಾಲು ಸೇರಿದರೆ ಅರ್ಧ.
ಹಾಗಾದರೆ ಉಳಿದ ಕೋಳಿ ಎಲ್ಲಿ?’
ಸಾವಿರ ಟಿಕೇಟು ಹರಿದ ನನ್ನಲ್ಲೂ
ಇದಕ್ಕೆ ಚಿಲ್ಲರೆ ಇಲ್ಲ.

ಎಂದೂ ಕಾಲು ಮಗುವಿನದು.
ಇವತ್ತು ಬಕೆಟ್ಟಿನ ಪಕ್ಕದ ತಟ್ಟೆಗೆ ಹಾಕಿದೆ,
‘ಕಾಲಿಗೆ ಕಾಲು’ ಎಂದೆ.
ಸುಗಂಧಿ ನಗಲಿಲ್ಲ.
ಅಂಚಿನಿಂದ ಒಂದು ಎಳೆ ಕಿತ್ತು ತಿಂದಳು. ಇನ್ನೊಂದು.
ಆಮೇಲೆ ಎಂದಿನಂತೆ ಮಗುವಿನ ತಟ್ಟೆಗೆ
ದಾಟಿಸಲು ಎತ್ತಿದವಳು
ಅರ್ಧ ದಾರಿಯಲ್ಲಿ ತಡೆದಳು,
ವಾಪಸು ತಂದಳು,
ಪೂರ್ತಿ ತಾನೇ ತಿಂದಳು,
ಎಲುಬಿನ ತುದಿಯ ಮೆದುವನ್ನೂ ಬಿಡದೆ, ಕಟಕಟ.

ಪ್ರಾಪ್ತಿ ಬಾಯಿ ಬಿಟ್ಟು ನೋಡಿದಳು.
ನಂತರ ಬಟಾಟೆ ಕೇಳಿದಳು.
ಕುಕ್ಕರು ಸ್ವಲ್ಪ ತಳ ಹಿಡಿದಿತ್ತು.
ಅದು ನನ್ನದು, ಕೆರೆಕೆರೆದು ತಿನ್ನುವುದು,
ಅದನ್ನು ಮಾತ್ರ ನಾನು ಯಾರಿಗೂ ಕೊಡುವುದಿಲ್ಲ.