ಮುಚ್ಚಳ

ಮೀನಿನ ಪೆಟ್ಟಿಗೆಯ ಥರ್ಮಾಕೋಲು ಮುಚ್ಚಳ ಹಿಡಿದು ನಿಲ್ಲುವುದು,
ಅದೇ ನನ್ನ ಕೆಲಸ. ದಿನಕ್ಕೆ ಆರುನೂರು.
ದಕ್ಕೆಯಲ್ಲಿ ಬೆಳಗಿನ ಆರೂವರೆ,
ಬಂಗುಡೆ ಬುಟ್ಟಿಗಳ ನಡುವೆ
ಸೊಲಾಂಜ್ ಮೇಡಂ ಅಂಗೈ ಚಾಚಿ
ಬೆಳಕಿನ ತೂಕ ನೋಡುತ್ತಿದ್ದರು,
ನಮ್ಮ ಜಲಜಕ್ಕ ಅಂಜಲ್ ತುಂಡನ್ನು ಕೈಯಲ್ಲೇ ತೂಗುವ ಹಾಗೆ.

ಇಪ್ಪತ್ತಾರು ವರ್ಷ ಬೇರೆಯವರ ಸಿನೆಮಾಕ್ಕೆ
ಕಣ್ಣು ಕೊಟ್ಟವರಂತೆ.
ಹಿಮ, ಗಣಿ, ಯಾವುದೋ ರಾಣಿಯ ಸಾವು.
"ನನ್ನ ಹೆಸರು ಬರುವಾಗ
ಜನ ಎದ್ದು ಕೋಟು ಹುಡುಕುತ್ತಿದ್ದರು" ಎಂದು ನಕ್ಕರು.
ಪುದುಚೇರಿಯ ದುಭಾಷಿ ಹುಡುಗ ತಡವಾಗಿ ನಕ್ಕ,
ನಾವು ಇನ್ನೂ ತಡವಾಗಿ.

ಈಗ ಸ್ವಂತದ್ದು. ಕತೆ ಒಂದೇ ಸಾಲು:
ದೋಣಿಗೆ ಬಣ್ಣ ಬಳಿಯುವವನಿಗೆ ಕಣ್ಣು ಮಂಜಾಗುತ್ತದೆ.
ನಿರ್ದೇಶಕರ ಕುರ್ಚಿ ಇಟ್ಟಿದ್ದೇವೆ;
ಮೂರು ದಿನದಿಂದ ಅದರಲ್ಲಿ
ಇದ್ದಿನಬ್ಬನ ಬುತ್ತಿ ಕೂತಿದೆ.
ಅವರು ಕ್ಯಾಮೆರಾ ಬಿಟ್ಟು ಏಳುವುದೇ ಇಲ್ಲ.

ಇವತ್ತು ನಟ ಅಳುವಾಗ 'ಕಟ್' ಹೇಳಲು ಮರೆತರು.
ಅತ್ತು ಮುಗಿಸಿ ಅವನು ಮೂಗು ಒರೆಸಿದ,
ಕುಂಚಕ್ಕೆ ಅಂಟಿದ ಮೀನಿನ ಹುರುಪೆ ಕಿತ್ತ,
ಎಂತ ಮಾಡುವುದೆಂದು ತಿಳಿಯದೆ
ದೋಣಿಯ ಹೊಟ್ಟೆ ಸವರಿದ.
ಆಗ ಮೆಲ್ಲ "ಹಾಂ" ಎಂದರು.
ಅದು ಅಪ್ಪಣೆಯೋ ಬರೀ ಉಸಿರೋ
ಯಾರಿಗೂ ಗೊತ್ತಾಗಲಿಲ್ಲ.

ಕ್ಯಾಮೆರಾ ಓಡುತ್ತಲೇ ಇತ್ತು.
ನನ್ನ ತೋಳು ಮರಗಟ್ಟಿತ್ತು.
ನೋಡದೆಯೇ ಸನ್ನೆ ಮಾಡಿದರು: ಒಂದು ಬೆರಳು ಕೆಳಗೆ.
ಇಳಿಸಿದೆ.
ಅವನ ಎಡಗಣ್ಣಲ್ಲಿ ಸಣ್ಣದೊಂದು ಬಿಳಿ ಚುಕ್ಕೆ ಹತ್ತಿತು.
ಅದು ನಾನು, ಮಾರಾಯ್ರೆ.

ಹತ್ತು ಗಂಟೆಗೆ ಮುಚ್ಚಳ ವಾಪಸು ಕೊಡಬೇಕು.
ಕಾಸರಗೋಡಿಗೆ ಬೂತಾಯಿ ಲೋಡು ಉಂಟು.