ಹೆಡತಲೆ

ಹನ್ನೊಂದು ನಿಮಿಷ. ಕಥೆಯಿಲ್ಲ. ಹೆಸರಿನ ಜಾಗದಲ್ಲಿ
ಬರೀ ‘ರೆವಾಜ್’ ಅಂತ, ಸೂಜಿಯಲ್ಲಿ ಗೀಚಿದ್ದು.
ತಿಬಿಲಿಸಿಯ ಹಳೇ ಹೊಲಿಗೆ ಕಾರ್ಖಾನೆಯ ನೆಲಮಾಳಿಗೆ,
ಹದಿನೇಳು ಕುರ್ಚಿ, ಅದರಲ್ಲಿ ನಾಲ್ಕು
ನಮ್ಮ ರೊಟ್ಟಿಯಂಗಡಿಯವರೇ ಹಿಡಿದಿದ್ದರು.

ಮೊದಲು ಕೈ. ಆಮೇಲೆ ಕೈ. ಮತ್ತೂ ಕೈ.
ಹಿಟ್ಟು ಮೆತ್ತಿದ ಉಗುರು ಪರದೆಯ ಮೇಲೆ ಮಂಚದಷ್ಟು ದೊಡ್ಡದು.
ನಾಚಿಕೆಯಾಗಿ ಜೇಬಿಗೆ ಕೈ ಹಾಕಿಕೊಂಡೆ.
ಆಮೇಲೆ ಒಲೆ:
ನೆಲದಲ್ಲಿ ಹೂತ ಮಣ್ಣಿನ ಬಾವಿ, ತಳದಲ್ಲಿ ಕೆಂಡ,
ಅದರೊಳಕ್ಕೆ ಸೊಂಟದವರೆಗೆ ಬಾಗಿ ಮಾಯವಾಗುವ ನಾನು,
ಎರಡು ಕಾಲು ಮಾತ್ರ ಹೊರಗೆ, ಈಜು ಬಾರದವನ ಹಾಗೆ.
ತೆಯೋನಾ ಅಲ್ಲಿ ಸದ್ದು ಬದಲಿಸಿದ್ದಾಳೆ:
ಉರಿಯುವ ದ್ರಾಕ್ಷಿಬಳ್ಳಿಯ ಚಟಪಟ ತೆಗೆದು
ಬತೂಮಿಯ ಕಡಲು ಸುರಿದಿದ್ದಾಳೆ.
ಬಾಗಿದಾಗೆಲ್ಲ ಒಂದು ಅಲೆ.
ನನಗೇನೋ ಸರಿಯೇ ಅನಿಸಿತು. ಯಾಕೆಂದು ಕೇಳಬೇಡಿ.

ಲಮಾರಾ ಅಜ್ಜಿ ಗಟ್ಟಿಯಾಗಿ ಕೇಳಿದಳು:
“ಶುರು ಯಾವಾಗ?”

ಕಣ್ಣಿರುವಲ್ಲೆಲ್ಲ, ಒಂದೊಂದು ಚೌಕಟ್ಟಿನಲ್ಲೂ,
ಫಿಲ್ಮನ್ನೇ ಕೆರೆದು ತೆಗೆದಿದ್ದಾಳೆ.
ಮುಖದಲ್ಲಿ ಎರಡು ಬಿಳಿ ನೊಣ ಕುಣಿಯುತ್ತವೆ.
ಅಜ್ಜಿ ಎದೆಯ ಮೇಲೆ ಶಿಲುಬೆ ಎಳೆದುಕೊಂಡಳು.
ಒಂದು ವಾರ ಆ ಸುರುಳಿಯನ್ನು ನಮ್ಮ ಬೂದಿಯಲ್ಲೇ ಹೂತಿಟ್ಟಿದ್ದಳು ತೆಯೋನಾ;
ಅದಕ್ಕೇ ನನ್ನ ಕೆನ್ನೆಗೆ ಸಿಡುಬು, ಗೋಡೆಗೂ ಸಿಡುಬು.

“ಕ್ಯಾಮೆರಾಕ್ಕೆ ಬೆನ್ನು ಹಾಕಿ ಕೂತಿರು,
ಸುರುಳಿ ಮುಗಿಯುವ ತನಕ,” ಎಂದಿದ್ದಳು ಅವತ್ತು.
ಕೂತಿದ್ದೆ. ಬೆನ್ನು ತುರಿಸುತ್ತಿತ್ತು.
ಈಗ ನೋಡುತ್ತಿದ್ದೇನೆ: ಮೂರು ನಿಮಿಷ, ಒಂದು ಹೆಡತಲೆ.
ತನ್ನ ಬೆನ್ನು ತನಗೆ ಕಾಣದು ಅಂತಾರೆ. ಕಂಡಿತು.
ಕೂದಲು ಸುಳಿದು ಬಲಕ್ಕೆ ತಿರುಗುವ ಆ ಜಾಗ,
ಕ್ಷೌರದವನೊಬ್ಬನೇ ಬಲ್ಲ ಆ ಗುಳಿ,
ಒಲೆಯಂಚು ತಾಗಿದ ಒಂದು ಗೆರೆ.
ಇಪ್ಪತ್ತಮೂರು ವರ್ಷ ನನ್ನ ಹಿಂದೆಯೇ ಬಂದವನು,
ಒಂದು ಮಾತೂ ಆಡದೆ.

ಕೊನೆಗೆ ಎರಡೇ ಸೆಕೆಂಡು: ಅವನು ತಿರುಗುತ್ತಾನೆ.
ಇಲ್ಲಿ ಕಣ್ಣು ಕೆರೆದಿಲ್ಲ. ಯಾರನ್ನೋ ನೋಡಿ
ಹಲ್ಲೆಲ್ಲ ಕಾಣುವಂತೆ ನಗುತ್ತಾನೆ.
ಬಾಗಿಲಲ್ಲಿ ಯಾರಿದ್ದರು? ತೆಯೋನಾಗೂ ನೆನಪಿಲ್ಲ.
ನಮ್ಮ ಮಾಲೀಕ ಜುಂಬೆರ್ ಅಂತೂ ಅಲ್ಲ.

ದೀಪ ಹಾಕಿದರು. ಅಜ್ಜಿ ನನ್ನ ತಲೆ ಬಗ್ಗಿಸಿ,
ಕಾಲರು ಜಗ್ಗಿ ನೋಡಿ, “ಇದು ಯಾವಾಗ ಸುಟ್ಟಿದ್ದು?
ನನಗೆ ಹೇಳಲೇ ಇಲ್ಲ,” ಅಂದಳು.

ಬೆಳಗಿನ ನಾಲ್ಕಕ್ಕೆ ಮತ್ತೆ ಒಲೆಗೆ ಬಾಗಿದೆ.
ಒಳಗೆ ಕಡಲು ಇರಲಿಲ್ಲ.
ಹೆಡತಲೆಗೆ ಮಾತ್ರ ತಣ್ಣಗೆ, ಬಾಗಿಲ ಕಡೆಯ ಗಾಳಿ.
ತಿರುಗಿ ನೋಡಿದೆ.
ರೊಟ್ಟಿಯೊಂದು ಕೆಂಡಕ್ಕೆ ಬಿತ್ತು.